ರಾಜೀನಾಮೆ ಬರೆಯಬೇಡಿ, ಮೇಡಂ

(ಪತ್ರದ ಸಾರ: ಬಸವೇಶ್ವರನಗರದ ಶಿಕ್ಷಕಿಯೊಬ್ಬರು, ಹೆಸರು ಹಾಕಬೇಡಿ ಎಂದು ಕೇಳಿಕೊಂಡು ಬರೆದಿದ್ದಾರೆ. ರಾಜ್ಯ ಪಠ್ಯಕ್ರಮದ ಅನುದಾನರಹಿತ ಶಾಲೆಯಲ್ಲಿ 14 ವರ್ಷದ ಸೇವೆ, ಮೂಲ ವೇತನ 26,000 ರೂಪಾಯಿ. ಮಕ್ಕಳು ಕಡಿಮೆಯಾದರೆಂದು ಎರಡು ಸೆಕ್ಷನ್ ಒಂದು ಮಾಡಿದ ಆಡಳಿತ ಮಂಡಳಿ, "ಜೂನ್‌ನಿಂದ ಬರೋದು ಬೇಡ. ರಾಜೀನಾಮೆ ಬರೆದುಕೊಟ್ಟರೆ ಎರಡು ತಿಂಗಳ ಸಂಬಳ, ಒಳ್ಳೆಯ ಅನುಭವ ಪತ್ರ ಕೊಡ್ತೀವಿ" ಎಂದಿದೆ. ಲೇಬರ್ ಕೋರ್ಟಿಗೆ ಹೋಗಲೇ ಎಂಬುದು ಅವರ ಪ್ರಶ್ನೆ.)

ಮೇಡಂ, ಲೇಬರ್ ಕೋರ್ಟಿನ ಬಾಗಿಲು ನಿಮಗಲ್ಲ. ಆಗ ಜಾರಿಯಲ್ಲಿದ್ದ ಕೈಗಾರಿಕಾ ವಿವಾದ ಕಾಯ್ದೆಯ ಪ್ರಕಾರ ಶಿಕ್ಷಕರು 'ಕಾರ್ಮಿಕ'ರಲ್ಲ ಎಂದು ಸುಪ್ರೀಂ ಕೋರ್ಟ್ 1988ರಲ್ಲೇ ಹೇಳಿದೆ. ಹೈಕೋರ್ಟಿಗೆ ರಿಟ್ ಹಾಕಿ ಎನ್ನುವ ಹಿತೈಷಿಗಳೂ ಸಿಗುತ್ತಾರೆ. ಖಾಸಗಿ ಅನುದಾನರಹಿತ ಶಾಲೆಯ ಸೇವಾ ತಕರಾರಿಗೆ ಅದು ಸಾಮಾನ್ಯವಾಗಿ ನಡೆಯುವುದಿಲ್ಲ.

ನಿಮ್ಮ ದಾರಿ ಕರ್ನಾಟಕ ಶಿಕ್ಷಣ ಕಾಯ್ದೆ, 1983. ಅದರ 92ನೇ ಕಲಂ ಪ್ರಕಾರ, ಆರೋಪ ತಿಳಿಸಿ, ವಿಚಾರಣೆ ನಡೆಸದೆ ನೌಕರರನ್ನು ವಜಾ ಮಾಡುವಂತಿಲ್ಲ. ವಜಾ ಮಾಡಿದರೆ 94ನೇ ಕಲಂ ಅಡಿ, ಆದೇಶ ಕೈಸೇರಿದ ಮೂರು ತಿಂಗಳೊಳಗೆ ಶೈಕ್ಷಣಿಕ ಮೇಲ್ಮನವಿ ನ್ಯಾಯಮಂಡಳಿಗೆ ಹೋಗಬಹುದು. ವಕೀಲರ ಬಾಯಲ್ಲಿ ಅದು 'ಇಎಟಿ'. ಜಿಲ್ಲಾ ನ್ಯಾಯಾಧೀಶರ ದರ್ಜೆಯವರು ಕೇಳುತ್ತಾರೆ.

"ನಾವು ವಜಾ ಮಾಡಿಲ್ಲ, ಹುದ್ದೆಯೇ ಇಲ್ಲ" ಎಂದು ಶಾಲೆ ವಾದಿಸಬಹುದು. ಹುದ್ದೆ ಕಡಿತಕ್ಕೆ 98ನೇ ಕಲಂ ಇದೆ. ಸರ್ಕಾರದ ಆದೇಶದಿಂದಾಗಿ ಕಡಿತ ಅನಿವಾರ್ಯವಾದರೆ, ಸಕ್ಷಮ ಪ್ರಾಧಿಕಾರದ ಒಪ್ಪಿಗೆ ಮೊದಲೇ ಪಡೆಯಬೇಕು ಎನ್ನುತ್ತದೆ ಅದು. ಅಡ್ಮಿಷನ್ ಇಳಿದದ್ದು ಸರ್ಕಾರದ ಆದೇಶವೇ? ನಿಮ್ಮ ವಕೀಲರು ಕಚ್ಚಿ ಹಿಡಿಯಬೇಕಾದದ್ದು ಇಲ್ಲೇ.

ಈಗ ಆ ರಾಜೀನಾಮೆಯನ್ನು ಯಾಕೆ ಅಷ್ಟು ಪ್ರೀತಿಯಿಂದ ಕೇಳುತ್ತಿದ್ದಾರೆ ನೋಡಿ. ನೀವೇ ಬರೆದುಕೊಟ್ಟರೆ ವಜಾ ಎಂಬುದೇ ಇರುವುದಿಲ್ಲ, ಮೇಲ್ಮನವಿಗೆ ಆದೇಶವೂ ಇರುವುದಿಲ್ಲ. ಆಮೇಲೆ "ಒತ್ತಡ ಹಾಕಿ ಬರೆಸಿಕೊಂಡರು" ಎಂದು ಸಾಬೀತು ಮಾಡುವ ಭಾರ ನಿಮ್ಮ ತಲೆಗೆ. ಅನುಭವ ಪತ್ರದ ಆಸೆಗೆ ಸಹಿ ಹಾಕಿ ಕೈಸುಟ್ಟುಕೊಂಡವರ ಕಾಗದಗಳು ನಮ್ಮ ಕಚೇರಿಗೆ ಪ್ರತಿ ಬೇಸಿಗೆಯಲ್ಲೂ ಬರುತ್ತವೆ.

ಆದ್ದರಿಂದ ಶಾಲೆ ತೆರೆದ ದಿನ ಎಂದಿನಂತೆ ಹೋಗಿ. ಗೇಟಿನಲ್ಲೇ ತಡೆದರೆ ಅಂದೇ, "ಕೆಲಸಕ್ಕೆ ಬಂದಿದ್ದೆ, ಒಳಗೆ ಬಿಡಲಿಲ್ಲ, ಕಾರಣವನ್ನು ಬರಹದಲ್ಲಿ ಕೊಡಿ" ಎಂದು ಸ್ಪೀಡ್ ಪೋಸ್ಟ್‌ನಲ್ಲಿ ಬರೆಯಿರಿ, ಕ್ಷೇತ್ರ ಶಿಕ್ಷಣಾಧಿಕಾರಿಯ (ಬಿಇಒ) ಕಚೇರಿಗೂ ಪ್ರತಿ ಹಾಕಿ. ನೇಮಕಾತಿ ಪತ್ರ, ಬ್ಯಾಂಕ್ ಪಾಸ್‌ಬುಕ್, ಪಿಎಫ್ ವಿವರ ಇವತ್ತೇ ಜೋಡಿಸಿಕೊಳ್ಳಿ. (ಖಾತೆಗೆ ಹಾಕಿ ಅರ್ಧ ವಾಪಸ್ ಇಸಿದುಕೊಳ್ಳುವ ಶಾಲೆಗಳೂ ಉಂಟು. ನಿಮ್ಮದು ಹಾಗಿಲ್ಲದಿದ್ದರೆ ಪುಣ್ಯ.)

ಗೆದ್ದರೆ ಹಿಂದಿನ ಸಂಬಳದ ಮಾತು ಬರುತ್ತದೆ. ಮಹಾರಾಷ್ಟ್ರದ ಶಿಕ್ಷಕಿಯೊಬ್ಬರ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2013ರಲ್ಲಿ, ತಪ್ಪಾಗಿ ತೆಗೆದವರನ್ನು ಮರಳಿ ಸೇರಿಸುವಾಗ ಬಾಕಿ ವೇತನ ಕೊಡುವುದೇ ವಾಡಿಕೆ ಎಂದಿತು. ಆದರೆ ಆ ಅವಧಿಯಲ್ಲಿ ಬೇರೆ ಸಂಪಾದನೆ ಇರಲಿಲ್ಲ ಎಂದು ನೀವು ಹೇಳಬೇಕು. ಮನೆಯಲ್ಲಿ ಟ್ಯೂಷನ್ ಶುರು ಮಾಡಿದರೆ ಮುಚ್ಚಿಡಬೇಡಿ, ಲೆಕ್ಕ ಇಡಿ.

ಕೇಸು ಏನೇ ಆಗಲಿ, ಗ್ರಾಚ್ಯುಟಿ, ಅಂದರೆ ಕೆಲಸ ಬಿಡುವಾಗ ಸೇವೆಯ ವರ್ಷಗಳಿಗೆ ಸಿಗುವ ಮೊತ್ತ, ನಿಮ್ಮದೇ ದುಡ್ಡು. 2009ರ ತಿದ್ದುಪಡಿ ಶಿಕ್ಷಕರನ್ನೂ ಅದರೊಳಗೆ ತಂದಿತು. ಖಾಸಗಿ ಶಾಲೆಗಳು ಪ್ರಶ್ನಿಸಿ 2022ರಲ್ಲಿ ಸುಪ್ರೀಂ ಕೋರ್ಟಿನಲ್ಲಿ ಸೋತವು. 26,000ವನ್ನು 26ರಿಂದ ಭಾಗಿಸಿ, 15ರಿಂದ ಗುಣಿಸಿ, 14 ವರ್ಷಕ್ಕೆ ಲೆಕ್ಕ ಹಾಕಿ: 2,10,000 ರೂಪಾಯಿ. ಅವರು ತೋರಿಸುತ್ತಿರುವ ಎರಡು ತಿಂಗಳ ಸಂಬಳವನ್ನು ಇದರ ಪಕ್ಕದಲ್ಲಿಟ್ಟು ನೋಡಿ. ಕೊಡದಿದ್ದರೆ ದೂರು ಕಾರ್ಮಿಕ ಇಲಾಖೆಗೆ. ಲೇಬರ್ ಕೋರ್ಟಿಗೆ ಬೇಡವಾದ ಟೀಚರ್ ಲೇಬರ್ ಆಫೀಸಿಗೆ ಬೇಕು, ನಮ್ಮ ಕಾನೂನು ಹಾಗಿದೆ!

ವಕೀಲರ ಫೀಜಿನ ಚಿಂತೆ ಬರೆದಿದ್ದೀರಿ. ಮಹಿಳೆಯರಿಗೆ ಆದಾಯ ಎಷ್ಟೇ ಇರಲಿ ಉಚಿತ ಕಾನೂನು ನೆರವು ಸಿಗುತ್ತದೆ. 15100ಕ್ಕೆ ಫೋನ್ ಮಾಡಿ, ಇಲ್ಲವೇ ಎಚ್. ಸಿದ್ದಯ್ಯ ರಸ್ತೆಯ ನ್ಯಾಯ ದೇಗುಲದಲ್ಲಿರುವ ಕಾನೂನು ಸೇವೆಗಳ ಪ್ರಾಧಿಕಾರದ ಕಚೇರಿಯಲ್ಲಿ ವಿಚಾರಿಸಿ. ಹೋಗುವಾಗ ಕಾಗದಗಳ ಜೆರಾಕ್ಸ್ ಎರಡೆರಡು ಪ್ರತಿ ಇರಲಿ.

— ಸಂ.