ಆಫ್ಟರ್‌ಬರ್ನರ್ ಅಸಲಿಯೋ ನಕಲಿಯೋ?

ಪ್ರಶ್ನೆ: ಮಗ ಗೂಗಲ್‌ನಲ್ಲಿ ಹುಡುಕಿ ಎಂಎಸ್‌ಐ ಕಂಪನಿಯ ಆಫ್ಟರ್‌ಬರ್ನರ್ ಎಂಬ, ಗ್ರಾಫಿಕ್ಸ್ ಕಾರ್ಡಿನ ವೇಗ ಹೊಂದಿಸುವ ಸಾಫ್ಟ್‌ವೇರ್ ಹಾಕಿಕೊಂಡಿದ್ದಾನೆ. ನಮ್ಮ ಕಾರ್ಡ್ ಬೇರೆ ಕಂಪನಿಯದು. ಸಾಫ್ಟ್‌ವೇರ್ ಚೆನ್ನಾಗಿಯೇ ನಡೆಯುತ್ತಿದೆ. ಆದರೆ ಕಂಪ್ಯೂಟರನ್ನು ಗಂಟೆಗಟ್ಟಲೆ ಮುಟ್ಟದೆ ಬಿಟ್ಟರೆ ಫ್ಯಾನ್ ಜೋರಾಗಿ ತಿರುಗುತ್ತದೆ, ಟಾಸ್ಕ್ ಮ್ಯಾನೇಜರ್ ತೆರೆದರೆ ಸುಮ್ಮನಾಗುತ್ತದೆ. ಇದು ವೈರಸ್ಸೇ?

ಉತ್ತರ: ಆಫ್ಟರ್‌ಬರ್ನರ್ ಒಳ್ಳೆಯ ಸಾಫ್ಟ್‌ವೇರ್, ಬೇರೆ ಕಂಪನಿಯ ಕಾರ್ಡಿಗೂ ಹೊಂದುತ್ತದೆ. ಆದರೆ ಅದು ಸರಿಯಾಗಿ ನಡೆಯುತ್ತಿದೆ ಎಂಬ ಕಾರಣಕ್ಕೆ ನಿಶ್ಚಿಂತರಾಗಬೇಡಿ. 2022ರಲ್ಲಿ 50ಕ್ಕೂ ಹೆಚ್ಚು ನಕಲಿ ತಾಣಗಳು ಅಸಲಿ ಆಫ್ಟರ್‌ಬರ್ನರ್ ಜೊತೆಗೇ ಮೊನೆರೊ ಮೈನರ್ (ನಿಮ್ಮ ಕಂಪ್ಯೂಟರಿನಿಂದ ಬೇರೆಯವರಿಗೆ ಮೊನೆರೊ ಎಂಬ ಕ್ರಿಪ್ಟೊ ಹಣ ಗಳಿಸಿಕೊಡುವ ತಂತ್ರಾಂಶ) ಮತ್ತು ಪಾಸ್‌ವರ್ಡ್ ಕದಿಯುವ ರೆಡ್‌ಲೈನನ್ನು ಸೇರಿಸಿ ಹಂಚಿದವು. ಆ ಮೈನರ್ ಕಂಪ್ಯೂಟರ್ ಖಾಲಿ ಇದ್ದಾಗ ಸಿಪಿಯು ದುಡಿಸಿಕೊಂಡು, ಟಾಸ್ಕ್ ಮ್ಯಾನೇಜರ್ ತೆರೆದೊಡನೆ ನಿಂತುಬಿಡುತ್ತಿತ್ತು. ನಿಮ್ಮಲ್ಲಿ ಕಾಣುವುದೂ ಅದೇ ಲಕ್ಷಣ. ಆದರೂ ಇದೊಂದರಿಂದಲೇ ತೀರ್ಮಾನಕ್ಕೆ ಬರಲಾಗದು. ವಿಂಡೋಸ್ ಕೂಡ ಖಾಲಿ ಹೊತ್ತಿನಲ್ಲಿ ವೈರಸ್ ಸ್ಕ್ಯಾನ್, ಇಂಡೆಕ್ಸಿಂಗ್ (ಹುಡುಕಾಟಕ್ಕಾಗಿ ಫೈಲುಗಳ ಪಟ್ಟಿ ಮಾಡುವುದು) ಮಾಡಿ, ಮೌಸ್ ಅಲುಗಿಸಿದರೆ ನಿಲ್ಲಿಸುತ್ತದೆ.

ಹಾಗಾಗಿ ಫೈಲ್ ಎಲ್ಲಿಂದ ಬಂತೆಂದು ಮೊದಲು ನೋಡಿ. ಕ್ರೋಮ್‌ನಲ್ಲಿ ಕಂಟ್ರೋಲ್ ಮತ್ತು ಜೆ ಒತ್ತಿದರೆ ಇಳಿಸಿಕೊಂಡ ಫೈಲಿನ ವಿಳಾಸ ಸಿಗುತ್ತದೆ. ಅದರಲ್ಲಿ 'https://' ಆದ ಮೇಲೆ ಬರುವ ಮೊದಲ ಓರೆಗೆರೆಗೆ (/) ಮುಂಚಿನ ಭಾಗ 'ಎಂಎಸ್‌ಐ ಡಾಟ್ ಕಾಮ್' ಎಂದೇ ಮುಗಿಯಬೇಕು, ಅದರ ಹಿಂದೆ ಏನಾದರೂ ಇದ್ದರೆ ನಡುವೆ ಚುಕ್ಕಿಯೇ ಇರಬೇಕು. ಗುರು3ಡಿ ತಾಣವೂ ಅಧಿಕೃತವೇ. ಹೆಸರಿನಲ್ಲಿ ಅಡ್ಡಗೆರೆ (-), 'ಡೌನ್‌ಲೋಡ್' ಮುಂತಾದವು ಅಂಟಿಕೊಂಡಿದ್ದರೆ ಅನುಮಾನಿಸಿ. ಹುಡುಕಾಟದ ಮೇಲ್ತುದಿಯ ಜಾಹೀರಾತಿನ ಕೊಂಡಿ ಎಂದೂ ಬೇಡ.

ಆಮೇಲೆ ಸೆಟಪ್ ಫೈಲಿನ ಪ್ರಾಪರ್ಟೀಸ್‌ನಲ್ಲಿ ಡಿಜಿಟಲ್ ಸಿಗ್ನೇಚರ್ಸ್ ನೋಡಿ, ಫೈಲ್ ತಯಾರಿಸಿದ ಕಂಪನಿಯ ಸಹಿ ಅಲ್ಲಿರುತ್ತದೆ. ಸಹಿಯೇ ಇಲ್ಲದಿದ್ದರೆ, ಅಥವಾ ಇರುವ ಹೆಸರಿಗೂ ಕಂಪನಿಗೂ ಸಂಬಂಧವಿಲ್ಲದಿದ್ದರೆ ಆ ಫೈಲನ್ನು ಮತ್ತೆ ತೆರೆಯಬೇಡಿ. ಸಹಿಯೊಂದೇ ಸಾಲದು ಕೂಡ. 2022ರಲ್ಲೇ ಗ್ರಾಫಿಕ್ಸ್ ಚಿಪ್ ಕಂಪನಿ ಎನ್‌ವಿಡಿಯಾದಿಂದ ಕದ್ದ, ಸಹಿ ಹಾಕಲು ಬಳಸುವ ಸರ್ಟಿಫಿಕೇಟಿನಿಂದ ಮಾಲ್‌ವೇರಿಗೆ ಸಹಿ ಹಾಕಿದ್ದುಂಟು. ಆದ್ದರಿಂದ ವಿಂಡೋಸ್‌ನ ಪವರ್‌ಶೆಲ್‌ನಲ್ಲಿ ಗೆಟ್-ಫೈಲ್‌ಹ್ಯಾಶ್ ಆಜ್ಞೆ ಕೊಡುವ 64 ಅಕ್ಷರಗಳ ಹ್ಯಾಶನ್ನು (ಫೈಲಿನ ಬೆರಳಚ್ಚಿನಂಥ ಗುರುತು), ಹಲವು ಆಂಟಿವೈರಸ್ ಎಂಜಿನ್‌ಗಳ ಅಭಿಪ್ರಾಯ ತೋರಿಸುವ ವೈರಸ್‌ಟೋಟಲ್ ತಾಣದಲ್ಲಿ ಹುಡುಕಿ. ಹತ್ತಾರು ಎಂಜಿನ್‌ಗಳಲ್ಲಿ ಒಂದೆರಡು ಮಾತ್ರ ತಕರಾರು ಎತ್ತಿದರೆ ಅದು ಸುಳ್ಳು ಎಚ್ಚರಿಕೆಯೂ ಇರಬಹುದು. ಇಂಥ ಸಾಫ್ಟ್‌ವೇರ್ ಹಾರ್ಡ್‌ವೇರಿಗೇ ಕೈಹಾಕುವುದರಿಂದ ಹಾಗಾಗುತ್ತದೆ. ಹಲವು ಎಂಜಿನ್‌ಗಳು 'ಸ್ಟೀಲರ್' (ಮಾಹಿತಿ ಕಳ್ಳ), 'ಮೈನರ್' ಎಂದರೆ ಸಂಶಯವೇ ಬೇಡ.

ವಿಳಾಸ ತಪ್ಪಿದ್ದರೆ ಈಗಲೇ ಇಂಟರ್‌ನೆಟ್ ಕಡಿದು, ವಿಂಡೋಸ್‌ನದೇ ಆಂಟಿವೈರಸ್ ಆದ ಡಿಫೆಂಡರ್‌ನ ಆಫ್‌ಲೈನ್ ಸ್ಕ್ಯಾನ್ ಮಾಡಿ. ಕಂಪ್ಯೂಟರ್ ರೀಸ್ಟಾರ್ಟ್ ಆಗಿ ಸುಮಾರು 15 ನಿಮಿಷ ಹಿಡಿಯುತ್ತದೆ. ಪಾಸ್‌ವರ್ಡ್‌ಗಳನ್ನು ಆ ಕಂಪ್ಯೂಟರಿನಲ್ಲಲ್ಲ, ಫೋನಿನಲ್ಲಿ ಬದಲಿಸಿ: ಮೊದಲು ಇಮೇಲ್, ಬಳಿಕ ಬ್ಯಾಂಕು. ಜೊತೆಗೆ ಎಲ್ಲ ಸಾಧನಗಳಿಂದ ಸೈನ್ ಔಟ್ ಆಗಿ. ರೆಡ್‌ಲೈನ್ ಬ್ರೌಸರಿನ ಕುಕಿಗಳನ್ನೂ (ನೀವು ಲಾಗಿನ್ ಆಗಿರುವುದನ್ನು ನೆನಪಿಡುವ ಫೈಲುಗಳು) ಒಯ್ಯುವುದರಿಂದ, ಹಳೆಯ ಲಾಗಿನ್ ಜೀವಂತವಿದ್ದರೆ ಕಳ್ಳನಿಗೆ ಪಾಸ್‌ವರ್ಡ್ ಬೇಕೇ ಆಗುವುದಿಲ್ಲ.