ದಂಡಿನ ಬ್ಯಾರಕ್ಕು, ಸಿಪಾಯಿಗಳ ಲೈನು: ಓದುಗರೊಬ್ಬರ ಪತ್ರಕ್ಕೆ ಸಂಪಾದಕರ ಉತ್ತರ

ಮಾನ್ಯರೇ,

ಬೆಂಗಳೂರಿನ ದಂಡು (ಕಂಟೋನ್ಮೆಂಟ್) ಪ್ರದೇಶದ ಬಗ್ಗೆ ಕಳೆದ ಸಂಚಿಕೆಯಲ್ಲಿ ಪ್ರಕಟವಾದ ಲೇಖನವನ್ನು ಓದಿ ಶಿವಮೊಗ್ಗದಿಂದ ತಾವು ಬರೆದ ಪತ್ರ ತಲುಪಿದೆ. ಶ್ರೀರಂಗಪಟ್ಟಣದಲ್ಲಿ ಬೀಡುಬಿಟ್ಟಿದ್ದ ಈಸ್ಟ್ ಇಂಡಿಯಾ ಕಂಪನಿಯ ಸೈನ್ಯ ಬೆಂಗಳೂರಿಗೆ ಬಂದದ್ದೇಕೆ ಎಂದು ಕೇಳಿದ್ದೀರಿ. ‘ಆಂಗ್ಲ ಸೈನಿಕರೂ ದೇಶೀ ಸಿಪಾಯಿಗಳೂ ಬ್ಯಾರಕ್ಕುಗಳಲ್ಲಿ ವಾಸವಾಗಿದ್ದರು’ ಎಂಬ ನಮ್ಮ ವಾಕ್ಯ ಸರಿಯಲ್ಲ ಎಂದಿದ್ದೀರಿ. ಪರದೇಶದವರು ಕಟ್ಟಿದ ಸೈನಿಕ ವಸತಿಯ ಚರಿತ್ರೆಯನ್ನು ನಾವೇಕೆ ನಮ್ಮದೆಂದು ಓದಬೇಕು ಎಂದೂ ಕೇಳಿದ್ದೀರಿ. ಎರಡನೆಯ ಮಾತಿನಲ್ಲಿ ತಪ್ಪು ನಮ್ಮದೇ, ಅದನ್ನು ತಿದ್ದುತ್ತೇವೆ.

1799ರಲ್ಲಿ ಟಿಪ್ಪು ಸುಲ್ತಾನ್ ಮಡಿದ ಮೇಲೆ ಕಂಪನಿಯು ಮೈಸೂರನ್ನು ಒಡೆಯರಿಗೆ ಬಿಟ್ಟುಕೊಟ್ಟರೂ ಶ್ರೀರಂಗಪಟ್ಟಣದ ದ್ವೀಪವನ್ನು ತನ್ನಲ್ಲೇ ಉಳಿಸಿಕೊಂಡು ಅಲ್ಲಿ ಸೈನ್ಯವನ್ನಿಟ್ಟಿತು. ಸುತ್ತಲೂ ಕಾವೇರಿ, ನಾಲೆಗಳು, ನೀರು ನಿಂತ ಭತ್ತದ ಗದ್ದೆಗಳು. ಮಳೆಗಾಲ ಮುಗಿಯುತ್ತಿದ್ದಂತೆ ಚಳಿಜ್ವರ, ಎಂದರೆ ಮಲೇರಿಯಾ, ಶುರುವಾಗುತ್ತಿತ್ತು. ಜವುಗಿನಿಂದೇಳುವ ಕೆಟ್ಟ ಗಾಳಿಯೇ ಅದಕ್ಕೆ ಕಾರಣವೆಂದು ಆ ಕಾಲದ ವೈದ್ಯರು ನಂಬಿದ್ದರು. ಸಮುದ್ರಮಟ್ಟದಿಂದ ಸುಮಾರು 900 ಮೀಟರ್ ಎತ್ತರದ, ಒಣ ಹವೆಯ ಬೆಂಗಳೂರು ಸೈನ್ಯಕ್ಕೆ ಹಿಡಿಸಿತು. 1809ರಲ್ಲಿ ಹಳೆಯ ಊರಾದ ಪೇಟೆಯ ಪೂರ್ವಕ್ಕೆ, ಹಲಸೂರಿನ ಸೀಮೆಯಲ್ಲಿ ದಂಡು ನೆಲೆಯೂರಿತು. ಇಲ್ಲಿ ಒಂದು ಪ್ರಸಂಗವನ್ನು ಹೇಳದಿರಲಾರೆ. 1883ರಲ್ಲಿ ಇದೇ ದಂಡಿನ ಹಂಗಾಮಿ ವೈದ್ಯಾಧಿಕಾರಿಯಾಗಿ ಬಂದ ತರುಣ ರೊನಾಲ್ಡ್ ರಾಸ್, ತನ್ನ ಬಂಗಲೆಯಲ್ಲಿ ಸೊಳ್ಳೆ ಏಕೆ ಇಷ್ಟೊಂದು ಎಂದು ಹುಡುಕುತ್ತ ಹೋಗಿ, ಕಿಟಕಿಯ ಹೊರಗಿದ್ದ ನೀರಿನ ಪೀಪಾಯಿಯಲ್ಲಿ ಅವುಗಳ ಮರಿಹುಳುಗಳು ಹೊರಳಾಡುವುದನ್ನು ಕಂಡ, ನೀರನ್ನು ಚೆಲ್ಲಿಸಿದ, ಕೋಣೆಯಲ್ಲಿ ಸೊಳ್ಳೆ ಕಡಿಮೆಯಾಯಿತು. ಶ್ರೀರಂಗಪಟ್ಟಣದಿಂದ ಸೈನ್ಯವನ್ನು ಓಡಿಸಿದ ಜ್ವರಕ್ಕೂ ಸೊಳ್ಳೆಗೂ ಇರುವ ನಂಟನ್ನು ಆತನೇ ಮುಂದೆ, 1897ರಲ್ಲಿ, ಸಿಕಂದರಾಬಾದಿನಲ್ಲಿ ಕಂಡುಹಿಡಿದ.

ಈಗ ತಾವು ಎತ್ತಿದ ಆಕ್ಷೇಪಕ್ಕೆ ಬರುತ್ತೇನೆ. ಸರ್ಕಾರದ ಖರ್ಚಿನಲ್ಲಿ ಕಟ್ಟಿದ, ಸಾಲು ಮಂಚಗಳ ಉದ್ದನೆಯ ಪಡಸಾಲೆಗಳಂಥ ಬ್ಯಾರಕ್ಕುಗಳು ಯುರೋಪಿಯನ್ ಸೈನಿಕರಿಗೆ ಮೀಸಲಾಗಿದ್ದವು. ಅಧಿಕಾರಿಗಳು ಅಲ್ಲಿರುತ್ತಿರಲಿಲ್ಲ, ಬಂಗಲೆಗಳಲ್ಲಿರುತ್ತಿದ್ದರು. 1896ರಲ್ಲಿ ಬಂದ ವಿನ್ಸ್‌ಟನ್ ಚರ್ಚಿಲ್ ಕೂಡ ಇಬ್ಬರು ಗೆಳೆಯರೊಡನೆ ಬಂಗಲೆಯೊಂದರಲ್ಲಿದ್ದರು. ಮದ್ರಾಸ್ ಸೈನ್ಯದ ಸಿಪಾಯಿಗೆ ಸಿಗುತ್ತಿದ್ದದ್ದು ಲೈನಿನಲ್ಲಿ, ಎಂದರೆ ಸಿಪಾಯಿಗಳ ಗುಡಿಸಲುಗಳ ಸಾಲಿನಲ್ಲಿ, ಒಂದಿಷ್ಟು ಜಾಗ ಮತ್ತು ಗುಡಿಸಲು ಹಾಕಿಕೊಳ್ಳಲು ಸಣ್ಣದೊಂದು ಭತ್ಯೆ. ಗೋಡೆ ಎಬ್ಬಿಸುವುದು, ಸೂರು ಹೊದಿಸುವುದು, ಮಳೆಗೆ ಕುಸಿದರೆ ಮತ್ತೆ ನಿಲ್ಲಿಸುವುದು ಅವನದೇ ಪಾಡು. ಆದರೆ ಹೆಂಡತಿ, ಮಕ್ಕಳು, ಎಷ್ಟೋ ವೇಳೆ ಮುದಿ ತಾಯಿತಂದೆ ಕೂಡ ಅವನ ಜೊತೆಗಿರುತ್ತಿದ್ದರು. ದಂಡು ಹೊರಟಲ್ಲಿಗೆ ಸಂಸಾರವೂ ಹೊರಡುವುದು ಆ ಸೈನ್ಯದ ರೂಢಿಯಾಗಿತ್ತು.

ಬ್ಯಾರಕ್ಕಿನ ಜೀವನವೇನೂ ಸುಖದ್ದಾಗಿರಲಿಲ್ಲ. ಭಾರತದಲ್ಲಿದ್ದ ಬ್ರಿಟಿಷ್ ಸೈನಿಕರಲ್ಲಿ ವರ್ಷಕ್ಕೆ ಸಾವಿರಕ್ಕೆ 69 ಮಂದಿ ಸಾಯುತ್ತಿದ್ದಾರೆಂದು 1863ರಲ್ಲಿ ಬ್ರಿಟನ್ನಿನ ರಾಯಲ್ ಕಮಿಷನ್ ಎಂಬ ವಿಚಾರಣಾ ಆಯೋಗ ವರದಿ ಮಾಡಿತು. ಬಹುಪಾಲು ಸಾವುಗಳಿಗೆ ಯುದ್ಧವಲ್ಲ, ರೋಗರುಜಿನಗಳೇ ಕಾರಣವಾಗಿದ್ದವು. ಕೊಳಕು ನೀರು, ಕಟ್ಟಿಕೊಂಡ ಚರಂಡಿ, ಕಿಕ್ಕಿರಿದ ಕೋಣೆಗಳತ್ತ ಫ್ಲಾರೆನ್ಸ್ ನೈಟಿಂಗೇಲ್ ಬೊಟ್ಟು ಮಾಡಿ ಬರೆದದ್ದು ಆಗಲೇ. ಎತ್ತರದ ಸೂರು, ಅಗಲವಾದ ಜಗಲಿ, ನೆಲದಿಂದ ಮೇಲೆತ್ತಿದ ತಳಪಾಯ, ಗಾಳಿಯಾಡುವ ಕಿಂಡಿ, ಇವೆಲ್ಲ ಬ್ಯಾರಕ್ಕಿನ ಕಟ್ಟಡದಲ್ಲಿ ಕಟ್ಟುನಿಟ್ಟಾದದ್ದು ಆಮೇಲೆ.

ಲೈನುಗಳಲ್ಲಿದ್ದ ಆ ಸಂಸಾರಗಳಿಂದಲೇ ಬೆಂಗಳೂರಿನ ಅರ್ಧ ಊರು ಬೆಳೆಯಿತೆಂಬುದು ನನ್ನ ದೃಢವಾದ ಅಭಿಪ್ರಾಯ. ಸಿಪಾಯಿಗಳಲ್ಲಿ ತಮಿಳರು, ತೆಲುಗರು, ದಖ್ಖನಿ ಮುಸಲ್ಮಾನರು ಇದ್ದರು. ಅವರ ಬೆನ್ನಿಗೆ ಅಡುಗೆಯವರು, ಅಗಸರು, ಕುದುರೆ ಲಾಯದವರು, ದರ್ಜಿಗಳು, ದಂಡಿಗೆ ದಿನಸಿ ಒದಗಿಸುವ ಗುತ್ತಿಗೆದಾರರು ಬಂದರು. ಹಲಸೂರು, ಶಿವಾಜಿನಗರಗಳಲ್ಲಿ ಇಂದಿಗೂ ನಾಲ್ಕು ಭಾಷೆ ಒಂದೇ ಬೀದಿಯಲ್ಲಿ ಕೇಳುವುದರ ಮೂಲ ಇದು. ಶಿವಾಜಿನಗರದ ದಂಡು ಮಾರಮ್ಮನ ಹೆಸರಿನಲ್ಲೇ ಆ ಕಾಲವಿದೆ. 1834ರಲ್ಲಿ ಬೆಂಗಳೂರಿಗೆ ಬಂದ ಮದ್ರಾಸ್ ಸ್ಯಾಪರ್ಸ್ ಎಂಬ ಸೈನಿಕ ಎಂಜಿನಿಯರುಗಳ ಪಡೆ ಮದ್ರಾಸ್ ಎಂಜಿನಿಯರ್ ಗ್ರೂಪ್ ಎಂಬ ಹೆಸರಿನಲ್ಲಿ ಹಲಸೂರು ಕೆರೆಯ ಬಳಿ ಇಂದಿಗೂ ಇದೆ. ಅದರ ಯೋಧನನ್ನು ಈಗಲೂ ‘ತಂಬಿ’ ಎಂದೇ ಕರೆಯುತ್ತಾರೆ.

ತಮ್ಮ ಮೂರನೆಯ ಪ್ರಶ್ನೆಗೆ ಉತ್ತರ, ರಾಜ್ಯವನ್ನು ಒಡೆಯರಿಗೆ ಬಿಟ್ಟುಕೊಟ್ಟಾಗ ಕಂಪನಿ ಮಾಡಿಕೊಂಡ 1799ರ ಒಪ್ಪಂದದಲ್ಲೇ ಇದೆ. ಆ ಸೈನ್ಯದ ಪೋಷಣೆಗಾಗಿ ಮೈಸೂರು ಸಂಸ್ಥಾನ ವರ್ಷಕ್ಕೆ 7 ಲಕ್ಷ ಸ್ಟಾರ್ ಪಗೋಡ (ಆ ಕಾಲದ ಚಿನ್ನದ ನಾಣ್ಯ) ಕೊಡಬೇಕಾಗಿತ್ತು. ಅದು ನಮ್ಮ ರೈತರು ಕಟ್ಟಿದ ಕಂದಾಯದ ಹಣ. ನಗರ ಸೀಮೆಯ ರೈತರು, ಎಂದರೆ ತಮ್ಮ ಜಿಲ್ಲೆಯವರೇ, 1830ರಲ್ಲಿ ಕಂದಾಯದ ಹಿಂಸೆ ತಾಳಲಾರದೆ ತಿರುಗಿಬಿದ್ದಾಗ ಅವರನ್ನು ಅಡಗಿಸಲು ಕಂಪನಿಯ ಪಡೆಗಳೂ ನುಗ್ಗಿದವು; ಮರುವರ್ಷ ಕಂಪನಿಯು ಅದೇ ಒಪ್ಪಂದದ ಕಲಮುಗಳನ್ನು ಮುಂದಿಟ್ಟು ಸಂಸ್ಥಾನದ ಆಡಳಿತವನ್ನೇ ಕೈಗೆ ತೆಗೆದುಕೊಂಡಿತು. ಯಾರ ದುಡಿಮೆಯಿಂದ ಆ ದಂಡು ನಿಂತಿತೋ ಅವರ ಮಕ್ಕಳು ಅದರ ಚರಿತ್ರೆಯನ್ನು ಬೇರೆಯವರದೆಂದು ಬಿಟ್ಟುಕೊಡುವುದು ನನಗೆ ಒಪ್ಪಿಗೆಯಾಗುವುದಿಲ್ಲ.

1881ರಲ್ಲಿ ಸಂಸ್ಥಾನವು ಹತ್ತನೆಯ ಚಾಮರಾಜೇಂದ್ರ ಒಡೆಯರಿಗೆ ಮರಳಿದಾಗ ದಂಡು ಪ್ರದೇಶ ಮಾತ್ರ ಬ್ರಿಟಿಷರ ಕೈಯಲ್ಲೇ ಉಳಿಯಿತು, ಅದಕ್ಕೆ ಪ್ರತಿಯಾಗಿ ಶ್ರೀರಂಗಪಟ್ಟಣ ಮೈಸೂರಿಗೆ ಬಂತು. ದಂಡು ಪ್ರದೇಶ ಹಿಂದಿರುಗಿದ್ದು 1947ರಲ್ಲಿ, ಪೇಟೆಯೊಡನೆ ಒಂದೇ ನಗರಪಾಲಿಕೆಯಾದದ್ದು 1949ರಲ್ಲಿ.

ನಮ್ಮ ತಪ್ಪು ವಾಕ್ಯದ ತಿದ್ದುಪಡಿ ಇದೇ ಸಂಚಿಕೆಯ ಕೊನೆಯ ಪುಟದಲ್ಲಿದೆ. ಎಚ್ಚರಿಸಿದ್ದಕ್ಕಾಗಿ ತಮಗೆ ಕೃತಜ್ಞ.

– ಸಂಪಾದಕ