ಆಡಿಟರ್ ತಂದ ಕಾಗದಕ್ಕೆ ಇನ್ನು ಸಹಿ ಬೇಡ

ನಿಮ್ಮ ಪತ್ರದ ಮುಕ್ಕಾಲು ಪಾಲು ಪ್ರೇಮಕ್ಕೇ ಮೀಸಲು. ಹತ್ತು ವರ್ಷಗಳಿಂದ ನಿಮ್ಮನ್ನು ಸದಾಶಿವನಗರದ ಫ್ಲ್ಯಾಟ್‌ನಲ್ಲಿ ಇರಿಸಿಕೊಂಡಿರುವ ವಿವಾಹಿತ ಉದ್ಯಮಿ ಒಂದು ಕಡೆ. ಅವರದೇ ಔತಣಕೂಟದಲ್ಲಿ ಪರಿಚಯವಾಗಿ, ಈಗ ಗೋವಾಕ್ಕೆ ಬಂದುಬಿಡು ಎನ್ನುತ್ತಿರುವ ವಾಸ್ತುಶಿಲ್ಪಿ ಇನ್ನೊಂದು ಕಡೆ. ಯಾರದು ನಿಜವಾದ ಪ್ರೀತಿ ಎಂದು ಕೇಳಿದ್ದೀರಿ. ಇಬ್ಬರೂ ತಮ್ಮ ಅನುಕೂಲಕ್ಕೆ ತಕ್ಕಷ್ಟು ಪ್ರೀತಿಸುತ್ತಿದ್ದಾರೆ, ಅಷ್ಟೆ.

ನನ್ನ ನಿದ್ದೆ ಕೆಡಿಸಿದ್ದು ನೀವು ಮಾತಿನ ನಡುವೆ ಬರೆದ ಒಂದು ಸಾಲು: “ಫ್ಲ್ಯಾಟ್ ನನ್ನ ಹೆಸರಿನಲ್ಲಿದೆ ಎಂದಿದ್ದಾರೆ. ಪ್ರತಿ ಮಾರ್ಚ್‌ನಲ್ಲಿ ಅವರ ಆಡಿಟರ್ ಬಂದು ಸಹಿ ಹಾಕಿಸಿಕೊಂಡು ಹೋಗುತ್ತಾರೆ.”

ಓದದೆ ಸಹಿ ಹಾಕಬೇಡಿ ಎಂದು ಈ ಅಂಕಣದಲ್ಲಿ ಬರೆದು ಬರೆದು ನನಗೇ ಬೇಸರ ಬಂದಿದೆ. ಉದ್ಯಮಿಗಿಂತ ನನಗೆ ಈ ಆಡಿಟರ್ ಮೇಲೆಯೇ ಸಿಟ್ಟು. ನಿಮ್ಮ ಮನೆಯ ಕಾಫಿ ಕುಡಿದು, ಇಲ್ಲೊಂದು, ಇಲ್ಲೊಂದು ಎಂದು ಬೆರಳಿಟ್ಟು ತೋರಿಸಿ, ಒಂದು ನಕಲನ್ನೂ ಕೊಡದೆ ಎದ್ದು ಹೋಗುವ ಸಭ್ಯಸ್ಥ! ಆ ಕಾಗದಗಳಲ್ಲಿ ನೀವು ಯಾವುದೋ ಕಂಪನಿಯ ನಿರ್ದೇಶಕಿಯಾಗಿರಬಹುದು, ಅದರ ಸಾಲಕ್ಕೆ ವೈಯಕ್ತಿಕ ಖಾತರಿಯನ್ನೂ ಬರೆದುಕೊಟ್ಟಿರಬಹುದು. ಫ್ಲ್ಯಾಟ್ ಇನ್ನೂ ಅವರ ಹೆಸರಿನಲ್ಲಿದ್ದರೆ, ನೋಂದಣಿಯಾದ ದಾನಪತ್ರವಿಲ್ಲದೆ ಬಾಯಿಮಾತಿನ ಉಡುಗೊರೆಗೆ ಬೆಲೆಯಿಲ್ಲ. ತಮ್ಮ ಲಾಭಕ್ಕಾಗಿ, ತಮ್ಮ ಹಣದಿಂದ ನಿಮ್ಮ ಹೆಸರಿನಲ್ಲಿ ಕೊಂಡಿದ್ದರೋ, ಅದು ಬೇನಾಮಿ. ಆಸ್ತಿ ಸರ್ಕಾರದ ಪಾಲಾಗುವುದಲ್ಲದೆ, ಹೆಸರು ಕೊಟ್ಟವರಿಗೂ ಏಳು ವರ್ಷದವರೆಗೆ ಜೈಲು ಶಿಕ್ಷೆಯಾಗಬಹುದು.

ಇಷ್ಟು ವರ್ಷ ಜೊತೆಗಿದ್ದವಳನ್ನು ನ್ಯಾಯಾಲಯ ಕೈಬಿಡುವುದಿಲ್ಲ ಎಂದೂ ಬರೆದಿದ್ದೀರಿ. ಇದೇ ಬೆಂಗಳೂರಿನಲ್ಲಿ ವಿವಾಹಿತನೊಂದಿಗೆ ಹದಿನೆಂಟು ವರ್ಷ ಬಾಳಿದ ಮಹಿಳೆಗೆ ಮ್ಯಾಜಿಸ್ಟ್ರೇಟರು ತಿಂಗಳಿಗೆ 18,000 ರೂಪಾಯಿ ಜೀವನಾಂಶ ಕೊಡಿಸಿದ್ದರು. ಹೈಕೋರ್ಟ್ ಅದನ್ನು ರದ್ದುಪಡಿಸಿತು. 2013ರಲ್ಲಿ ಸುಪ್ರೀಂ ಕೋರ್ಟ್ ಕೂಡ, ಆತ ವಿವಾಹಿತನೆಂದು ಗೊತ್ತಿದ್ದೇ ಬೆಳೆಸಿದ ಸಂಬಂಧಕ್ಕೆ ಕೌಟುಂಬಿಕ ದೌರ್ಜನ್ಯ ಕಾಯ್ದೆಯ ರಕ್ಷಣೆ ಸಿಗದು ಎಂದಿತು. ಆಕೆಯ ಸ್ಥಿತಿಗೆ ಮರುಗಿತು, ನಿಜ. ಮರುಕದಿಂದ ಬಾಡಿಗೆ ಕಟ್ಟಲಾಗುವುದಿಲ್ಲ.

ಆದ್ದರಿಂದ ಇದೇ ವಾರ ಆ ಫ್ಲ್ಯಾಟ್‌ನ ಋಣಭಾರ ಪ್ರಮಾಣಪತ್ರ ತೆಗೆಸಿ. ನೋಂದಣಿ ಇಲಾಖೆಯ ಕಾವೇರಿ ಜಾಲತಾಣದಲ್ಲೇ ಅರ್ಜಿ ಹಾಕಬಹುದು. ಯಾರು ಯಾರಿಗೆ ಮಾರಿದರು, ಯಾವ ಬ್ಯಾಂಕಿಗೆ ಅಡವಿಟ್ಟರು ಎಂಬ ನೋಂದಾಯಿತ ವಿವರ ಅದರಲ್ಲಿರುತ್ತದೆ. ವಾಸ್ತುಶಿಲ್ಪಿಗೆ ಹೇಳಬೇಡಿ, ಅವರೂ ಅದೇ ಔತಣಕೂಟದವರು. ಅಷ್ಟರಲ್ಲಿ ಆಡಿಟರ್ ಬಂದರೆ, ಕಾಗದಗಳನ್ನು ಬಿಟ್ಟುಹೋಗಿ, ನನ್ನ ವಕೀಲರು ಓದಬೇಕು ಎನ್ನಿ. ಕಾಫಿ ಕೊಡಬೇಕಾಗಿಲ್ಲ.